ಹೊರುವವನ ಹಿತ

ಬೆಳಿಗ್ಗೆಯೇ ಮೊಣಕಾಲು ಕೈಕೊಟ್ಟಿತು. ಮುರಿದು ಬಿದ್ದದ್ದೇನೂ ಇಲ್ಲ. ಮೂರನೆಯ ಮಹಡಿಯಿಂದ ಇಳಿಯುವಾಗ, ಮಧ್ಯದ ತಿರುವಿನಲ್ಲಿ, ಎಡಗಾಲನ್ನು ಕೆಳಗಿನ ಮೆಟ್ಟಿಲಿಗೆ ಇಟ್ಟ ಕೂಡಲೇ ಒಳಗೆ ಏನೋ ಕಳಕ್ಕೆಂದು ಮೈಯೆಲ್ಲ ಗೋಡೆಯ ಕಡೆಗೆ ವಾಲಿತು. ಬೆನ್ನ ಮೇಲಿದ್ದ ಹುಡುಗಿಯ ಭುಜ ಗೋಡೆಗೆ ತಾಗಿ ಅವಳ ಹೊಸ ಅಂಗಿಯ ತೋಳಿಗೆ ಸುಣ್ಣ ಮೆತ್ತಿಕೊಂಡಿತು. "ಏನಾಯ್ತು ಮಾವ?" ಎಂದಳು. "ಸಾಹೇಬ್ರ ಸವಾರಿ ಹೊರಟಾಗ ಗೋಡೆ ಪಕ್ಕಕ್ಕೆ ಸರಿದು ನಿಲ್ಬೇಕು ತಾನೇ? ಸರೀಲಿಲ್ಲ. ಕೊಬ್ಬು ಅದಕ್ಕೆ," ಎಂದ. ಅವಳು ಅವನ ಕಿವಿಯ ಹತ್ತಿರ ನಕ್ಕಳು. ನಕ್ಕಾಗ ಅವಳ ಮೈಯ ಭಾರ ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೊರಳಿತು, ಹೊರಳಿದ್ದು ನೇರವಾಗಿ ಮೊಣಕಾಲಿಗೇ ಇಳಿಯಿತು. ಅವನು ಹಾಡು ಶುರುಮಾಡಿದ. ಅವನದೇ ಹಾಡು, ತಲೆಬುಡವಿಲ್ಲದ್ದು, ಸಾಹೇಬ್ರು ಬಂದ್ರು ದಾರಿ ಬಿಡಿ, ಬೆಕ್ಕಿನ ಮರಿ ಬಾಲ ಮಡಿ ಎಂಬಂಥದ್ದು. ಮೊದಲ ಮಹಡಿಯ ಬಾಗಿಲು ತೆರೆದು ಆ ಮನೆಯ ಹೆಂಗಸು ಇಣುಕಿ, "ದೇವರು ನಿಮಗೆ ಒಳ್ಳೇದು ಮಾಡ್ಲಿ" ಎಂದಳು. ದಿನವೂ ಅನ್ನುತ್ತಾಳೆ. ಅವಳ ಬಾಗಿಲಿನ ಬಣ್ಣ ಚಕ್ಕೆ ಚಕ್ಕೆಯಾಗಿ ಎದ್ದಿದೆ. ಪ್ರೈಮರ್ ಹೊಡೆಯದೆ ಬಣ್ಣ ಬಳಿದವನು ಯಾವನೋ, ಅವನ ಕೈ ಸೇದಿಹೋಗ ಎಂದು ಇವನೂ ದಿನವೂ ಅಂದುಕೊಳ್ಳುತ್ತಾನೆ.

ಹುಡುಗಿ ಅವನ ಅಕ್ಕನ ಮಗಳು. ಹುಟ್ಟಿದಾಗಿನಿಂದ ಕಾಲಲ್ಲಿ ಬಲವಿಲ್ಲ. ಅಕ್ಕ, ಭಾವ ಇಬ್ಬರೂ ಹೋದ ಮೇಲೆ ಮನೆ ಅವಳ ಹೆಸರಿಗೆ ಬಂತು, ಅವಳು ಅವನ ಬೆನ್ನಿಗೆ ಬಂದಳು. ಆಗ, ಅವನು ಈಗಲೂ ಅವಳಿಗೆ ಹೇಳುವ ಹಾಗೆ, ನಿಜವಾಗಿಯೂ ಹತ್ತಿ ಮೂಟೆಯಂತಿದ್ದಳು, ಒಂದು ಕೈಯಲ್ಲಿ ಅವಳು, ಇನ್ನೊಂದು ಕೈಯಲ್ಲಿ ಬಣ್ಣದ ಡಬ್ಬಿ. ಎರಡನ್ನೂ ಹೊತ್ತು ಸೀಟಿ ಹಾಕುತ್ತ ಹತ್ತುತ್ತಿದ್ದ. ಈಗ ಅವಳಿಗೆ ಹತ್ತು ದಾಟಿದೆ. ಮಕ್ಕಳು ಬೆಳೆಯುತ್ತಾರೆ, ಇದರಲ್ಲಿ ಯಾರ ತಪ್ಪೂ ಇಲ್ಲ, ಆದರೆ ಮೆಟ್ಟಿಲ ಮೇಲೆ ನಿಂತು ಉಸಿರು ಹಿಡಿಯುವಾಗ ಇದು ಯಾರದೋ ತಪ್ಪು ಎಂದು ಅವನಿಗೆ ಅನಿಸಿಯೇ ಅನಿಸುತ್ತದೆ. ಕಟ್ಟಡ ಕಟ್ಟಿದವನದು. ಲಿಫ್ಟಿಗೆ ಜಾಗ ಬಿಡದವನದು. ಅಷ್ಟು ಎತ್ತರದಲ್ಲಿ ಗಾಳಿ ಬೆಳಕು ಚೆನ್ನಾಗಿದೆ ಎಂದು ಮನೆ ಹಿಡಿದ ಅಕ್ಕನದು. ಹೋದವರ ಮೇಲೆ ಸಿಟ್ಟು ಮಾಡಿಕೊಳ್ಳುವ ತನ್ನ ಬುದ್ಧಿಗೆ ತಾನೇ ಹೇಸಿಕೊಂಡು, ನೀರಿನ ಕೊಳವೆಗೆ ಸರಪಳಿ ಬಿಗಿದು ನಿಲ್ಲಿಸಿದ್ದ ಗಾಲಿಕುರ್ಚಿಯ ಬೀಗ ತೆಗೆದು, ಅವಳನ್ನು ಕೂರಿಸಿ, ತೋಳಿನ ಸುಣ್ಣವನ್ನು ಉಗುರಿನಿಂದ ಕೆರೆದು ಉದುರಿಸಿದ. "ಕೋರ್ಟಲ್ಲಿ ಏನು ಕೇಳ್ತಾರೆ ಮಾವ?" "ಏನೋ ಕೇಳ್ತಾರೆ. ನೀನು ನಿಜ ಹೇಳು. ಅಲ್ಲಿ ಸುಳ್ಳು ಹೇಳ್ಬಾರ್ದು, ಹಿಡಿದು ಒಳಗೆ ಹಾಕ್ತಾರೆ." "ನನ್ನನ್ನ ಒಳಗೆ ಹಾಕ್ಬೇಕಂದ್ರೆ ಅವ್ರೇ ಎತ್ಕೊಂಡು ಹೋಗ್ಬೇಕು," ಎಂದಳು.

ಅವನಿಗೆ ಬೇಕಾಗಿದ್ದುದು ಒಂದೇ. ಈ ಮನೆ ಮಾರಬೇಕು, ಬಂದ ಹಣದಲ್ಲಿ ನೆಲಮಟ್ಟದ ಒಂದು ಮನೆ ಕೊಳ್ಳಬೇಕು. ಅಂಥದ್ದೊಂದನ್ನು ನೋಡಿಯೂ ಇಟ್ಟಿದ್ದ: ಬೀದಿಗೇ ಬಾಗಿಲು, ಹೊಸ್ತಿಲು ಇಲ್ಲವೇ ಇಲ್ಲ ಎನ್ನುವಷ್ಟು ತಗ್ಗು, ಗೋಡೆಯ ಬುಡದಲ್ಲಿ ಒಸರು ಇತ್ತು, ಅದು ಅವನ ಎಡಗೈ ಕೆಲಸ. ಬಾಗಿಲಿನ ಅಗಲವನ್ನು ಗೇಣು ಹಾಕಿ ಅಳೆದಿದ್ದ. ಗಾಲಿಕುರ್ಚಿ ಆರಾಮವಾಗಿ ಒಳಗೆ ಹೋಗುತ್ತದೆ, ಆರಾಮವಾಗಿ ಹೊರಗೂ ಬರುತ್ತದೆ. ಹುಡುಗಿ ತನಗೆ ಬೇಕೆನಿಸಿದಾಗ ತಾನೇ ಬೀದಿಗೆ ಬರಬಹುದು. ಇಷ್ಟೇ. ಇಷ್ಟಕ್ಕೆ ಏನು ಅಡ್ಡಿ ಎಂದರೆ, ಅಪ್ರಾಪ್ತ ವಯಸ್ಸಿನವರ ಆಸ್ತಿಯನ್ನು ಸಾಕುವವನು ತನ್ನ ಇಷ್ಟಕ್ಕೆ ಮಾರುವಂತಿಲ್ಲ, ನ್ಯಾಯಾಲಯ ಅನುಮತಿ ಕೊಡಬೇಕು, ಮಾರಾಟದಿಂದ ಮಗುವಿಗೇ ಹಿತ ಎಂದು ಸಾಬೀತಾಗಬೇಕು. ಕಾನೂನು ಒಳ್ಳೆಯದೇ. ಊರಲ್ಲಿ ಎಂತೆಂಥ ಮಾವಂದಿರಿರುತ್ತಾರೆ, ಅವರ ಕೈಗೆ ಮಕ್ಕಳ ಮನೆ ಬಿಟ್ಟರೆ ಉಳಿಯುತ್ತದೆಯೇ? ಹೀಗೆ ತನಗೆ ತಾನೇ ಎಷ್ಟೋ ಸಲ ಹೇಳಿಕೊಂಡಿದ್ದ, ಮತ್ತು ಪ್ರತಿ ಸಲವೂ, ಆ ಎಂತೆಂಥ ಮಾವಂದಿರ ಸಾಲಿನಲ್ಲಿ ತನ್ನನ್ನೂ ನಿಲ್ಲಿಸಿ ಮೇಲಿಂದ ಕೆಳಗೆ ನೋಡುತ್ತಿದ್ದಾರಲ್ಲ ಎಂದು ಮೈ ಉರಿದಿತ್ತು.

ಮೊದಲು ಕೇಸು ಹಾಳು ಮಾಡಿದವನು ಅವನೇ. ವಕೀಲೆ ಅರ್ಜಿಯಲ್ಲಿ ಗೋಡೆಗಳು ಬಿರುಕು ಬಿಟ್ಟಿವೆ, ತೇವ ಹಿಡಿದಿದೆ, ವಾಸಕ್ಕೆ ಯೋಗ್ಯವಲ್ಲ ಎಂದೆಲ್ಲ ಬರೆದಿದ್ದಳು. ಸುಳ್ಳಲ್ಲ, ಮುಂದಿನ ಕೋಣೆಯಲ್ಲಿ ತೊಲೆಯಿಂದ ಕಿಟಕಿಯ ಮೂಲೆಯವರೆಗೆ ಕಿರುಬೆರಳು ಹೋಗುವಷ್ಟು ಬಿರುಕಿತ್ತು. ಆದರೆ ಅದನ್ನು ಓದಿ ಕೇಳಿದಾಗ ಅವನಿಗೆ ಯಾರೋ ಅಕ್ಕನನ್ನು ಬಯ್ದಂತಾಯಿತು. ನ್ಯಾಯಾಲಯದಿಂದ ಮನೆ ನೋಡಲು ಒಬ್ಬರು ಬರುತ್ತಾರೆ ಎಂದು ತಿಳಿದ ದಿನ ಅವನು ಕೆಲಸಕ್ಕೆ ಹೋಗಲಿಲ್ಲ. ಯಾರಾದರೂ ಮನೆ ನೋಡಲು ಬರುತ್ತಾರೆ ಎಂದರೆ ಬಣ್ಣದವನ ಕೈ ಸುಮ್ಮನಿರುವುದು ಹೇಗೆ? ಮೊದಲು ಬಿರುಕನ್ನು ಬರಿದೇ ನೋಡಿದ. ಆಮೇಲೆ ಅಂಚನ್ನು ಸ್ವಲ್ಪ ಕೆರೆದ. ಕೆರೆದ ಮೇಲೆ ಹಾಗೆಯೇ ಬಿಡುವುದಕ್ಕಾಗುತ್ತದೆಯೇ, ಪುಟ್ಟಿ ತುಂಬಿದ. ಒಣಗಿದ ಮೇಲೆ ಉಪ್ಪುಕಾಗದ ಹಾಕಿ ಉಜ್ಜಿದ. ಹುಡುಗಿ ನೆಲದ ಮೇಲೆ ಕೂತು, "ಅಲ್ಲೊಂಚೂರು ಉಬ್ಬಿದೆ ಮಾವ" ಎಂದು ಮೇಸ್ತ್ರಿಯ ಹಾಗೆ ಬೆರಳು ತೋರಿಸುತ್ತಿದ್ದಳು. ಒಂದು ಗೋಡೆ ಬೆಳ್ಳಗಾದ ಮೇಲೆ ಉಳಿದ ಗೋಡೆಗಳು ಕೊಳಕಾಗಿ ಕಂಡವು. ಸಂಜೆಯ ಹೊತ್ತಿಗೆ ಮನೆಯೆಲ್ಲ ಮೊಸರಿನ ಬಣ್ಣಕ್ಕೆ ತಿರುಗಿ, ಎಲ್ಲಿಯೂ ಬ್ರಷ್ಷಿನ ಒಂದು ಗೆರೆ ಕಾಣದೆ, ಕಿಟಕಿಯ ಬಿಸಿಲು ಒಳಗೆಲ್ಲ ಹರಡಿ ನಿಂತಿತು. ಎಷ್ಟೋ ತಿಂಗಳ ಮೇಲೆ ಆವತ್ತು ಅವನಿಗೆ ಖುಷಿಯಾಗಿತ್ತು. ಮರುದಿನ ಬಂದವರು ದಪ್ಪ ಕನ್ನಡಕದ ಸಾಧು ಮನುಷ್ಯ. ಗೋಡೆಯ ಮೇಲೆ ಅಂಗೈ ಆಡಿಸಿ, "ಯಾರು ಮಾಡಿದ್ದು ಇದು?" ಎಂದರು. "ನಾನೇ ಸಾರ್," ಎಂದ, ನಾಚಿಕೊಂಡು. ಅವರು ಬಣ್ಣದ ನಂಬರ್ ಕೇಳಿದರು, ತಮ್ಮ ಮನೆಯ ಹಜಾರಕ್ಕೆ ಎಷ್ಟಾಗಬಹುದು ಎಂದು ಕೇಳಿದರು, ಇವನ ಫೋನ್ ನಂಬರ್ ಬರೆದುಕೊಂಡರು, ಕೈಕುಲುಕಿ ಇಳಿದುಹೋದರು. ಮನೆ ಅತ್ಯುತ್ತಮ ಸ್ಥಿತಿಯಲ್ಲಿದೆ, ಅರ್ಜಿಯಲ್ಲಿ ಹೇಳಿದ ಬಿರುಕು ಎಲ್ಲಿಯೂ ಕಂಡುಬರಲಿಲ್ಲ ಎಂದು ವರದಿ ಕೊಟ್ಟರು.

"ತಲೆ ಇದೆಯೇನ್ರೀ ನಿಮಗೆ?" ಎಂದು ವಕೀಲೆ ಮೇಜಿನ ಮೇಲೆ ಕೈ ಬಡಿದಿದ್ದಳು. "ಕೇಸು ನಿಂತಿದ್ದೇ ಆ ಬಿರುಕಿನ ಮೇಲೆ!"

"ಬಿರುಕು ಇದೆ ಮೇಡಂ. ಒಳಗೆ ಇದೆ. ಮೇಲೆ ಕಾಣಲ್ಲ, ಅಷ್ಟೆ."

"ಅದನ್ನ ಜಡ್ಜ್ ಮುಂದೆ ಹೋಗಿ ಹೇಳಿ. ನಮ್ಮಿಬ್ರಿಗೂ ಸೇರಿಸಿ ಮರ್ಯಾದೆ ಮಾಡ್ತಾರೆ."

ನ್ಯಾಯಾಲಯದ ಲಿಫ್ಟಿಗೆ ಬೀಗ ಹಾಕಿತ್ತು. ಬೀಗದ ಕೈ ಯಾರ ಹತ್ತಿರ ಎಂದು ಜವಾನನನ್ನು ಕೇಳಿದರೆ ಅವನು ಮೇಲೆ ಕೈ ತೋರಿಸಿದ. ಮೇಲಿನ ಅಧಿಕಾರಿಯೋ ಮೇಲಿನ ಮಹಡಿಯೋ ದೇವರೋ ಗೊತ್ತಾಗಲಿಲ್ಲ. ಕೇಳಿ ಉಗಿಸಿಕೊಳ್ಳುವುದಕ್ಕಿಂತ ಹೊರುವುದೇ ಸಲೀಸು. ಹುಡುಗಿಯನ್ನು ಬೆನ್ನಿಗೆ ಏರಿಸಿಕೊಂಡ. ಇಲ್ಲಿ ಹಾಡುವಂತಿಲ್ಲ. ಕಪ್ಪು ಕೋಟಿನವರು ಕಡತ ಹಿಡಿದು ದಡದಡ ಇಳಿಯುತ್ತ, ಇವನನ್ನು ಕಂಡು ಒಂದು ಗಳಿಗೆ ಮುಖವನ್ನು ಮೆತ್ತಗೆ ಮಾಡಿಕೊಂಡು, ದಾರಿ ಬಿಟ್ಟು, ಮತ್ತೆ ಮುಖ ಬಿಗಿದುಕೊಂಡು ಇಳಿಯುತ್ತಿದ್ದರು. ಆ ಮೆತ್ತಗಿನ ಮುಖ ಅವನಿಗೆ ಸೇರದು. ಬಣ್ಣ ಹೊಡೆಯಲು ಹೋದ ಮನೆಗಳಲ್ಲಿ ಯಾರೂ ಅವನನ್ನು ಹಾಗೆ ನೋಡುವುದಿಲ್ಲ. ಅಲ್ಲಿ ಅವನು ಏಣಿಯ ಮೇಲಿರುತ್ತಾನೆ, ಅವರೇ ಕತ್ತೆತ್ತಿ ಮಾತಾಡಬೇಕು, ಇನ್ನೊಂದು ಕೋಟ್ ಹೊಡೀತೀರಾ ಎಂದು ಅಂಗಲಾಚಬೇಕು. ಹುಡುಗಿಯ ಎರಡೂ ಕೈ ಅವನ ಕತ್ತನ್ನು ಬಳಸಿದ್ದವು. ಬಿಗಿಯಾಗಿ ಹಿಡಿದಿದ್ದಳು. ಇಂದು ಯಾಕೋ ಬೆಳಿಗ್ಗೆಯಿಂದ ಇಷ್ಟು ಬಿಗಿ.

ಬೆಂಚಿನ ಮೇಲೆ ಅವಳನ್ನು ಕೂರಿಸಿ ಪಕ್ಕದಲ್ಲಿ ಕೂತು, ಎಡಗಾಲನ್ನು ಯಾರಿಗೂ ಕಾಣದ ಹಾಗೆ ಬೆಂಚಿನಡಿ ಚಾಚಿದ. ಎದುರಿನ ಗೋಡೆಯಲ್ಲಿ, ನ್ಯಾಯಾಧೀಶರ ಕುರ್ಚಿಯ ಹಿಂದೆ, ಒಸರಿನ ಕಂದು ಕಲೆ ಸೂರಿನಿಂದ ಇಳಿದಿತ್ತು. ಕೆರೆಯದೆ, ಒಣಗಲು ಬಿಡದೆ, ಮೇಲೆಯೇ ಬಳಿದಿದ್ದಾರೆ. ಸರ್ಕಾರಿ ಕೆಲಸ. ಇನ್ನು ಎಷ್ಟು ಸಲ ಬಳಿದರೂ ಅದು ಮೇಲಕ್ಕೆ ಬಂದೇ ಬರುತ್ತದೆ. ಆ ಕಲೆಯನ್ನೇ ನೋಡುತ್ತ ಕೂತವನಿಗೆ ವಕೀಲೆಯ ಆಫೀಸು ಕಣ್ಣಿಗೆ ಬಂತು, ಹೋದ ವಾರದ್ದು. ಬಿರುಕಿನ ದಾರಿ ಮುಚ್ಚಿತಲ್ಲ, ಈಗ ಮೆಟ್ಟಿಲೊಂದೇ ಗತಿ ಎಂದಿದ್ದಳು ಆಕೆ. ಆದರೆ ಮೆಟ್ಟಿಲ ಮಾತೆತ್ತಿದರೆ ಹೊರುವವನು ಯಾರು ಎಂಬ ಪ್ರಶ್ನೆ ಬರುತ್ತದೆ, ಹೊಸ ಮನೆಯಲ್ಲಿ ಇರುವವನು ಯಾರು ಎಂದೂ ಬರುತ್ತದೆ. ನಿಮ್ಮ ಕಾಲುನೋವು ತಪ್ಪಿಸಿಕೊಳ್ಳೋಕೆ ಮಗುವಿನ ಮನೆ ಮಾರ್ತಾ ಇದೀರಿ ಅಂತಾರೆ, ಆಗ ಏನು ಮಾಡ್ತೀರಿ? ಮಗುವಿನ ಹಿತ ಬೇರೆ, ನಿಮ್ಮ ಹಿತ ಬೇರೆ, ಎರಡೂ ಒಂದೇ ಪಾತ್ರೆಯಲ್ಲಿ ಕಾಣಬಾರದು. ಆದ್ದರಿಂದ ಒಂದು ಪ್ರಮಾಣಪತ್ರ ಹಾಕೋಣ ಎಂದಿದ್ದಳು.

ಟೈಪ್ ಮಾಡುವವನಿಗೆ ಆಕೆ ಗಟ್ಟಿಯಾಗಿ ಹೇಳಿ ಬರೆಸಿದ್ದಳು. ಅರ್ಜಿದಾರನಾದ ನಾನು ಹೊಸ ಮನೆಯಲ್ಲಿ ವಾಸ ಮಾಡುವುದಿಲ್ಲ. ನನಗೆ ಬೇರೆ ಬಾಡಿಗೆ ಕೋಣೆಯಿದ್ದು ಅಲ್ಲಿಗೆ ಮರಳಿ ಹೋಗುತ್ತೇನೆ. ಅಪ್ರಾಪ್ತಳ ಸೋದರತ್ತೆ ಅವಳೊಂದಿಗೆ ಇದ್ದು ನೋಡಿಕೊಳ್ಳುವರು. ಮಾರಾಟದಲ್ಲಿ ನನಗೆ ಯಾವ ಸ್ವಂತ ಹಿತಾಸಕ್ತಿಯೂ ಇರುವುದಿಲ್ಲ. "ನಿಜ ತಾನೇ?" ಎಂದು ಕೇಳಿದಳು. ನಿಜವೇ. ಭಾವನ ಅಕ್ಕ ಒಂಟಿ ಹೆಂಗಸು, ಅಷ್ಟು ಮೆಟ್ಟಿಲು ನನ್ನಿಂದಾಗದು, ನೆಲಮಟ್ಟದ ಮನೆಯಾದರೆ ನಾಳೆಯೇ ಬರುತ್ತೇನೆ ಎಂದಿದ್ದರು. ಅವನ ಹಳೆಯ ಕೋಣೆಯ ಬಾಡಿಗೆಯನ್ನು ಅವನು ಬಿಟ್ಟಿರಲಿಲ್ಲ. ಬಣ್ಣದ ಸಾಮಾನು ಇಡಲು ಬೇಕು ಎಂದು ಎಲ್ಲರಿಗೂ ಹೇಳಿಕೊಂಡಿದ್ದ, ತನಗೂ ಹಾಗೆಯೇ ಹೇಳಿಕೊಂಡಿದ್ದ. "ಹೂಂ," ಎಂದ. ಹೂಂ ಎಂದ ಕೂಡಲೇ, ಬಿಗಿಯಾದ ಅಂಗಿಯ ಗುಂಡಿ ಬಿಚ್ಚಿದ ಹಾಗೆ, ಎದೆಯೊಳಗೆ ಸಡಿಲವಾಯಿತು. ಆ ಕೋಣೆ, ಒಬ್ಬನೇ ಮಲಗುವ ಮಂಚ, ಕೆಲಸವಿಲ್ಲದ ದಿನ ಮಧ್ಯಾಹ್ನದ ತನಕ ಹೊದ್ದು ಬಿದ್ದಿರುವುದು, ಹೊರಗೆ ಹೋಗಬೇಕೆನಿಸಿದರೆ ಬರಿಗೈಯಲ್ಲಿ, ಬರಿಬೆನ್ನಲ್ಲಿ ಹೊರಟುಬಿಡುವುದು. ಎಷ್ಟು ಆಸೆಯಾಯಿತೆಂದರೆ ತನ್ನ ಮುಖದಲ್ಲಿ ಅದು ಕಂಡಿರಬಹುದೆಂದು ಹೆದರಿ ತಿರುಗಿ ನೋಡಿದ. ಹುಡುಗಿ ಬಾಗಿಲ ಹತ್ತಿರ ಗಾಲಿಕುರ್ಚಿಯಲ್ಲಿ ಕೂತು, ವಕೀಲೆಯ ಮೀನಿನ ತೊಟ್ಟಿಯ ಗಾಜಿಗೆ ಮೂಗು ಒತ್ತಿಕೊಂಡಿದ್ದಳು. ಒಂದೇ ಒಂದು ಮೀನಿತ್ತು ಅದರಲ್ಲಿ. ಸದ್ಯ ಎಂದುಕೊಂಡು ಸಹಿ ಹಾಕಿದ.

ಆವತ್ತಿನಿಂದ ಅವನು ಅವಳಿಗೆ ಎರಡರಷ್ಟು ತಮಾಷೆ ಮಾಡುತ್ತಿದ್ದಾನೆ. ಕೇಳದಿದ್ದರೂ ಚಿತ್ರದ ಪುಸ್ತಕ ತಂದಿದ್ದಾನೆ, ಬೇಡವೆಂದರೂ ಸಂಜೆ ಇನ್ನೊಮ್ಮೆ ಕೆಳಗೆ ಇಳಿಸಿ ಬೀದಿ ಸುತ್ತಿಸಿದ್ದಾನೆ, ಆ ಇನ್ನೊಮ್ಮೆಯ ದೆಸೆಯಿಂದಲೇ ಮೊಣಕಾಲು ಊದಿದ್ದು. ಯಾರು ದಂಡ ಹಾಕಿದರು ಅವನಿಗೆ? ಯಾರೂ ಇಲ್ಲ. ತಾನೇ ಹಾಕಿಕೊಂಡ ದಂಡ, ತಾನೇ ಕಟ್ಟುತ್ತಿರುವುದು, ಮತ್ತು ಕಟ್ಟುವಾಗ ಬೇಸರ ಪಟ್ಟುಕೊಳ್ಳುತ್ತಿರುವವನೂ ತಾನೇ. ಮದುವೆ ಯಾಕೆ ಆಗಲಿಲ್ಲ ಎಂದು ಯಾರಾದರೂ ಕೇಳಿದರೆ ಈ ಮಗು ಎಂದು ಉತ್ತರ ಕೊಡುವ ಅಭ್ಯಾಸವಾಗಿದೆ. ಮಗು ಬರುವುದಕ್ಕೆ ಮುಂಚೆಯೂ ಆಗಿರಲಿಲ್ಲ ಎಂಬುದು ಯಾರಿಗೂ ನೆನಪಿಲ್ಲ, ಒಳ್ಳೆಯದೇ ಆಯಿತು. ಹೀಗೆ ಅವಳ ಮೇಲೆ ಇನ್ನೂ ಏನೇನನ್ನು ಹೊರಿಸಿದ್ದೇನೋ ಎಂದುಕೊಂಡ.

ಅಷ್ಟರಲ್ಲಿ ಗುಮಾಸ್ತ ಕೂಗಿದ. ಕೂಗಿದ್ದು ಇವರನ್ನೇ ಎಂದು ತಿಳಿಯುವುದಕ್ಕೆ ವಕೀಲೆ ಬಂದು ಭುಜ ತಟ್ಟಬೇಕಾಯಿತು. "ಮಗುವನ್ನ ಹತ್ತಿರ ಕರ್ಕೊಂಡು ಬನ್ನಿ. ನೀವು ಬಾಯಿ ಬಿಡಬೇಡಿ. ಕೇಳಿದ್ರೆ ಮಾತ್ರ," ಎಂದಳು. ಅವನು ಹುಡುಗಿಯನ್ನು ಎತ್ತಿಕೊಂಡು, ಈ ಸಲ ಮುಂದೆ, ತೋಳುಗಳ ಮೇಲೆ, ಕಟಕಟೆಯ ಪಕ್ಕದಲ್ಲಿ ಹಾಕಿದ್ದ ಕುರ್ಚಿಯವರೆಗೆ ನಡೆದ. ಕೋಣೆಯೆಲ್ಲ ನೋಡುತ್ತಿತ್ತು. ಕುಂಟಬಾರದು ಎಂದು ಹಲ್ಲು ಕಚ್ಚಿದ, ಕುಂಟಲಿಲ್ಲ. ಆ ಕೆಲವು ಹೆಜ್ಜೆಗಳನ್ನು ಅಷ್ಟು ಚೆನ್ನಾಗಿ ನಡೆದದ್ದಕ್ಕೆ ಆಮೇಲೆ ಅವನು ತನ್ನನ್ನೇ ಬಯ್ದುಕೊಳ್ಳಲಿದ್ದ. ಕುಂಟಿದ್ದರೆ ಏನು ಹೋಗುತ್ತಿತ್ತು? ಅಲ್ಲೇ ಒಂದು ಸಲ ಮುಗ್ಗರಿಸಿದ್ದರೆ ನೂರು ಕಾಗದಕ್ಕೆ ಸಮ. ಆದರೆ ಜನ ನೋಡುತ್ತಿರುವಾಗ ಕೆಲಸವನ್ನು ಕೆಟ್ಟದಾಗಿ ಮಾಡುವುದು ಅವನಿಗೆ ಯಾವತ್ತೂ ಬಂದಿಲ್ಲ.

ನ್ಯಾಯಾಧೀಶರು ವಯಸ್ಸಾದವರು, ದನಿ ಮೆದು. ಕನ್ನಡಕ ತೆಗೆದಿಟ್ಟು ಹುಡುಗಿಯ ಕಡೆ ಬಾಗಿದರು.

"ಮಗು, ಹೆದರ್ಕೋಬೇಡ. ನಿಮ್ಮ ಮನೆ ಮೇಲಿದೆಯಂತೆ. ಹತ್ತಿ ಇಳಿಯೋದು ಕಷ್ಟ ಆಗುತ್ತಾ ನಿಂಗೆ?"

"ಇಲ್ಲ."

ವಕೀಲೆ ಕಡತದಿಂದ ತಲೆಯೆತ್ತಿದಳು.

"ಮತ್ತೆ ಹೇಗೆ ಇಳೀತೀಯ?"

"ಮಾವ ಎತ್ಕೊಂಡು ಇಳಿಸ್ತಾನೆ. ಎತ್ಕೊಂಡು ಹತ್ತಿಸ್ತಾನೆ."

"ಅವರಿಗೆ ಕಷ್ಟ ಆಗಲ್ವಾ? ನೀನು ದೊಡ್ಡವಳಾಗಿದೀಯಲ್ಲ."

"ಆಗಲ್ಲ. ನಾನು ಹತ್ತಿ ಮೂಟೆಯಂತೆ. ಮಾವ ಹಾಡು ಹೇಳ್ತಾ ಹತ್ತುತಾನೆ. ಒಂದ್ಸಲನೂ ಸಾಕು ಅಂದಿಲ್ಲ." ಅವಳು ಇವನ ಕಡೆ ನೋಡದೆ, ಪಾಠ ಒಪ್ಪಿಸುವವಳ ಹಾಗೆ ನೇರ ಮುಂದಕ್ಕೆ ನೋಡುತ್ತ ಹೇಳಿದಳು. "ಒಂದ್ಸಲನೂ ಬೀಳಿಸಿಲ್ಲ."

"ಕೆಳಗಡೆ ಮನೆ ಆದ್ರೆ ನೀನೇ ಹೊರಗೆ ಹೋಗ್ಬಹುದು, ಆಟ ಆಡ್ಬಹುದು. ಬೇಡ್ವಾ?"

"ಬೇಡ. ಈ ಮನೆ ಮಾರೋದು ಬೇಡ."

ಕೋಣೆಯಲ್ಲಿ ಯಾರೋ ಲೊಚಗುಟ್ಟಿದರು. ನ್ಯಾಯಾಧೀಶರು ಇವನ ಕಡೆ ತಿರುಗಿದಾಗ ಅವರ ಕಣ್ಣು ಸ್ವಲ್ಪ ಒದ್ದೆಯಾಗಿತ್ತು, ಅದನ್ನೇ ಅವನಿಗೆ ತಡೆಯಲಾಗಲಿಲ್ಲ. "ನೀವು ಏನಾದ್ರೂ ಹೇಳೋದಿದೆಯಾ?" ಎಂದರು. ಈಗ ಹೇಳಬೇಕು. ಸ್ವಾಮಿ, ಅವಳು ಹೇಳಿದ್ದು ಸುಳ್ಳು, ಅದು ನನ್ನದೇ ಸುಳ್ಳು, ಕಷ್ಟ ಆಗುತ್ತದೆ, ಪ್ರತಿ ಮೆಟ್ಟಿಲಿಗೂ ಜೀವ ಬಾಯಿಗೆ ಬರುತ್ತದೆ, ಇನ್ನೊಂದು ವರ್ಷ ನನ್ನಿಂದಾಗದು, ಒಂದು ದಿನ ಇಬ್ಬರೂ ಉರುಳಿಕೊಂಡು ಕೆಳಗೆ ಬೀಳುತ್ತೇವೆ. ಒಂದೇ ಉಸಿರಿನ ಮಾತು. ನಾಲಿಗೆಯ ತುದಿಗೆ ಬಂದೂ ಇತ್ತು. ಹುಡುಗಿ ಆಗ ಅವನ ಕಡೆ ನೋಡಿದಳು. ಅವಳ ಮುಂದೆ, ಅಷ್ಟು ಜನರ ಮುಂದೆ, ನೀನು ಭಾರ ಎಂದು ಹೇಳುವುದು ಹೇಗೆ? ಅವನ ಮುಖ ತಾನಾಗಿಯೇ, ವರ್ಷಗಳ ಅಭ್ಯಾಸದಿಂದ, ನಗೆಯಾಗಿ ಸರಿಹೋಯಿತು.

"ಏನಿಲ್ಲ ಸ್ವಾಮಿ," ಎಂದ.

"ಇಂಥ ಪೋಷಕರು ಸಿಗೋದು ಅಪರೂಪ," ಎಂದರು ನ್ಯಾಯಾಧೀಶರು. ಅದನ್ನು ಬರೆಸಿಯೂ ಬಿಟ್ಟರು. ಅರ್ಜಿದಾರರ ಸೇವೆಯನ್ನು ನ್ಯಾಯಾಲಯ ಮೆಚ್ಚುತ್ತದೆ, ಮನೆ ಸುಸ್ಥಿತಿಯಲ್ಲಿದೆ, ಅಪ್ರಾಪ್ತಳಿಗೆ ಅಲ್ಲಿ ಯಾವ ಕೊರತೆಯೂ ಇಲ್ಲ, ಮಾರಾಟ ಅವಳ ಹಿತಕ್ಕೆ ಅಗತ್ಯವೆಂದು ಮನವರಿಕೆಯಾಗಿಲ್ಲ. ಅರ್ಜಿ ವಜಾ. ಪರಿಸ್ಥಿತಿ ಬದಲಾದರೆ ಮತ್ತೆ ಬರಬಹುದು. ಕಪ್ಪು ಕೋಟಿನ ಒಬ್ಬ ಅಪರಿಚಿತ ಎದ್ದು ಬಂದು ಇವನ ಕೈ ಹಿಡಿದು ಅಲ್ಲಾಡಿಸಿದ.

"ಪರಿಸ್ಥಿತಿ ಬದಲಾಗೋದು ಅಂದ್ರೆ ಇನ್ನೇನು, ನಿಮ್ಮ ಕಾಲು ಮುರೀಬೇಕು," ಎಂದಳು ವಕೀಲೆ ಹೊರಗೆ ಬಂದ ಮೇಲೆ. "ಜಡ್ಜೇ ಕೇಳಿದ್ರಲ್ಲ, ಬಾಯಿ ಬಿಟ್ಟು ಹೇಳೋಕೇನಾಗಿತ್ತು? ಗೋಡೆಗೂ ಬಳಿದ್ರಿ, ಇಲ್ಲೂ ಬಳಿದ್ರಿ. ನಿಮ್ಮಂಥ ಕಕ್ಷಿಗಾರರನ್ನ ಇಟ್ಕೊಂಡು ನಾನು ವಾದ ಮಾಡ್ಬೇಕು." ಬಯ್ದು ಮುಗಿಸಿ, ಹುಡುಗಿಯ ತಲೆ ಸವರಿ, ಮುಂದಿನ ಕೇಸಿಗೆ ಓಡಿದಳು. ಆಕೆಯ ಮೇಲೂ ಸಿಟ್ಟು ಮಾಡಿಕೊಳ್ಳಲು ಆಗಲಿಲ್ಲ. ಆಕೆ ಹೇಳಿದ್ದರಲ್ಲಿ ತಪ್ಪೇನಿತ್ತು?

ಮನೆಯ ದಾರಿಯುದ್ದಕ್ಕೂ ಅವನು ಗಾಲಿಕುರ್ಚಿಯನ್ನು ಜೋರಾಗಿ ತಳ್ಳಿದ. ಹೊಂಡ ಬಂದರೆ ತಪ್ಪಿಸಲಿಲ್ಲ, ಕುರ್ಚಿ ಧಡ್ ಎಂದು ಹಾರಿ ಬೀಳುತ್ತಿತ್ತು, ಹುಡುಗಿ ಕುರ್ಚಿಯ ಕೈ ಹಿಡಿದುಕೊಂಡು ಕೂತಿದ್ದಳು. ಅವಳಿಗಾಗಿ ಅಲ್ಲವೇ ಇಷ್ಟೆಲ್ಲ ಅಲೆದದ್ದು? ಕೆಲಸ ಬಿಟ್ಟು, ಗುಮಾಸ್ತರ ಮುಂದೆ ಹಲ್ಲು ಗಿಂಜಿ, ನೀವು ಹುಡುಗಿಗೆ ಏನಾಗಬೇಕು ಎಂದು ಕೇಳಿದವರಿಗೆಲ್ಲ ಮಾವ ಮಾವ ಎಂದು ಹೇಳಿ ಹೇಳಿ ಆ ಮಾತಿಗೆ ಅರ್ಥವೇ ಇಲ್ಲದಂತಾಗಿತ್ತು. ಒಂದು ಮಾತಿನಲ್ಲಿ ಎಲ್ಲವನ್ನೂ ನೀರಿಗೆ ಹಾಕಿದಳು. ಮೆಟ್ಟಿಲ ಬುಡದಲ್ಲಿ ಬಿಟ್ಟು ಹೋಗಿಬಿಡಬೇಕು, ತೆವಳಿಕೊಂಡು ಹತ್ತಲಿ, ಆಗ ಗೊತ್ತಾಗುತ್ತದೆ ಕಷ್ಟವೋ ಸುಖವೋ ಎಂದು ಯೋಚನೆ ಬಂತು. ಬಂದದ್ದು ಬಂತು, ಅದನ್ನು ಅಷ್ಟು ಸ್ಪಷ್ಟವಾಗಿ ಕಣ್ಣೆದುರು ಕಂಡೂ ಬಿಟ್ಟ, ಅವಳ ಮೊಣಕೈ, ಸುಣ್ಣ ಹತ್ತಿದ ತೋಳು, ಒಂದೊಂದೇ ಮೆಟ್ಟಿಲು. ತಕ್ಷಣ ಮುಂದಿನ ಹೊಂಡವನ್ನು ಬೇಕಾದ್ದಕ್ಕಿಂತ ದೂರ ಸುತ್ತಿ ತಪ್ಪಿಸಿದ. ಹೊಂಡ ತಪ್ಪಿಸಿದ್ದನ್ನು ಅವಳು ಗಮನಿಸಿದಳೆಂದು ಅವಳ ಕತ್ತಿನಿಂದಲೇ ಅವನಿಗೆ ತಿಳಿಯಿತು.

ಕೊಳವೆಗೆ ಕುರ್ಚಿ ಕಟ್ಟಿ, ಬೀಗ ಹಾಕಿ, ಅವಳನ್ನು ಬೆನ್ನಿಗೆ ಏರಿಸಿಕೊಂಡ. ಮೊದಲ ಮಹಡಿಯ ಹೆಂಗಸು ಇಣುಕಿದಳು. "ಏನಾಯ್ತು ಕೋರ್ಟಲ್ಲಿ?" "ನಮ್ಮನ್ನ ಹೊಗಳಿದ್ರು," ಎಂದ. "ಹೊಗಳದೆ ಇರ್ತಾರಾ!" ಎಂದು ಅವಳು ಕೈಮುಗಿದಳು. ಹಾಡಲಿಲ್ಲ. ಹಾಡು ಬಾಯಿಗೆ ಬರಲಿಲ್ಲ. ಹಾಡಿಲ್ಲದೆ ಹತ್ತಿದಾಗ ತನ್ನ ಉಸಿರು ಎಷ್ಟು ಕೆಟ್ಟದಾಗಿ ಸದ್ದು ಮಾಡುತ್ತದೆ ಎಂದು ಮೊದಲ ಸಲ ಅವನಿಗೇ ಕೇಳಿಸಿತು. ಬೆಳಿಗ್ಗೆಯ ಆ ತಿರುವಿಗೆ ಬಂದಾಗ ಮೊಣಕಾಲು ಮತ್ತೆ ಕಳಕ್ಕೆಂದಿತು. ಈ ಸಲ ಗೋಡೆಗೆ ವಾಲಲಿಲ್ಲ. ಕಂಬಿ ಹಿಡಿದು, ಮೆಲ್ಲಗೆ ತಿರುಗಿ, ಮೆಟ್ಟಿಲ ಮೇಲೆ ಕೂತುಬಿಟ್ಟ. ಹುಡುಗಿ ಅವನ ಬೆನ್ನಿನಿಂದ ಜಾರಿ ಪಕ್ಕಕ್ಕೆ ಬಂದಳು. ಕಾಲುಗಳನ್ನು ಕೈಯಿಂದ ಎತ್ತಿ ಸರಿಯಾಗಿ ಇಟ್ಟುಕೊಂಡಳು. ಅವರು ಹೀಗೆ ಮಧ್ಯದಲ್ಲಿ ಯಾವತ್ತೂ ಕೂತವರಲ್ಲ. ಗೋಡೆಯಲ್ಲಿ ಬೆಳಿಗ್ಗೆ ಅವಳ ಭುಜ ತಾಗಿದ ಕಡೆ ಸುಣ್ಣ ಉಜ್ಜಿಹೋಗಿ ಒಂದು ಗುರುತು ಉಳಿದಿತ್ತು.

"ನೋಯ್ತಿದೆ," ಎಂದ.

"ಗೊತ್ತು."

"ಏನು ಗೊತ್ತು?"

"ನೋವು ಬಂದಾಗ ನೀನು ಹಾಡು ಜೋರಾಗಿ ಹೇಳ್ತೀಯ. ಇವತ್ತು ಬೆಳಿಗ್ಗೆ ಕಿವಿ ಕಿವುಡಾಗೋ ಹಾಗೆ ಹೇಳ್ದೆ."

ಅವನು ಅವಳನ್ನೇ ನೋಡಿದ. "ಗೊತ್ತಿದ್ದೂ ಅಲ್ಲಿ ಯಾಕೆ ಹಾಗಂದೆ? ಕೋರ್ಟಲ್ಲಿ ನಿಜ ಹೇಳು ಅಂದಿದ್ನಲ್ಲ."

ಅವಳು ಅಂಗಿಯ ಅಂಚನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು, ಮತ್ತೆ ಸುತ್ತಿದಳು. ಮೇಲೆ ಯಾರ ಮನೆಯಲ್ಲೋ ನಲ್ಲಿ ಬಿಟ್ಟ ಸದ್ದು ಕೊಳವೆಯೊಳಗೆ ಇಳಿದು ಹೋಯಿತು.

"ಕೆಳಗಿನ ಮನೆಗೆ ನೀನು ಬರಲ್ವಂತಲ್ಲ," ಎಂದಳು. "ಮೇಡಂ ಗಟ್ಟಿಯಾಗಿ ಹೇಳಿ ಬರೆಸಿದ್ರು. ನಿಜಾನಾ ಅಂತ ಕೇಳಿದ್ರು. ನೀನು ಹೂಂ ಅಂದೆ."

ಮೀನಿನ ತೊಟ್ಟಿ. ಒಂದೇ ಒಂದು ಮೀನನ್ನು ಅಷ್ಟು ಹೊತ್ತು ಯಾರು ನೋಡುತ್ತಾರೆ?

"ಅದು ಕೋರ್ಟಿಗೋಸ್ಕರ ಬರೆದಿದ್ದು ಕಣೇ. ಹಾಗೆ ಬರೀಬೇಕಂತೆ. ನನಗೇನೂ ಲಾಭ ಇಲ್ಲ ಅಂತ ತೋರಿಸೋಕೆ."

"ಹಾಗಾದ್ರೆ ಸುಳ್ಳಾ?"

ಹೂಂ ಎಂದುಬಿಟ್ಟರೆ ಮುಗಿಯಿತು. ಸಾಹೇಬ್ರನ್ನ ಬಿಟ್ಟು ಎಲ್ಲಿಗೆ ಹೋಗ್ಲಿ, ಕೆಲಸದಿಂದ ತೆಗೆದುಬಿಡ್ತೀರಲ್ಲ ಎಂಬ ತಮಾಷೆಯೂ ಸಿದ್ಧವಾಗಿ ಬಂದು ನಾಲಿಗೆಯ ಮೇಲೆ ಕೂತಿತ್ತು. ಅವಳು ನಗುತ್ತಾಳೆ, ಅವನು ಎತ್ತಿಕೊಳ್ಳುತ್ತಾನೆ, ಉಳಿದ ಮೆಟ್ಟಿಲು ಹತ್ತುತ್ತಾರೆ, ನಾಳೆ ಮತ್ತೆ ಇಳಿಯುತ್ತಾರೆ. ಗೋಡೆಯ ಮೇಲೆ ಅಂಗೈ ಆಡಿಸಿದರೂ ಯಾರಿಗೂ ಏನೂ ತಿಳಿಯದು. ಹುಡುಗಿ ಕಾಯುತ್ತಿದ್ದಳು. ಅವಳ ಮುಖದಲ್ಲಿ ಅಳುವೇನೂ ಇರಲಿಲ್ಲ, ಲೆಕ್ಕ ಬಿಡಿಸುವಾಗಿನ ಮುಖ.

"ಆವತ್ತು ಸುಳ್ಳಾಗಿರಲಿಲ್ಲ," ಎಂದ.

ಅವಳು ತಲೆಯಾಡಿಸಿದಳು, ಉತ್ತರ ತಾಳೆಯಾಯಿತು ಎನ್ನುವಂತೆ. ಆಮೇಲೆ, "ಇವತ್ತು?" ಎಂದಳು.

"ಇವತ್ತು ಕಾಲು ನೋಯ್ತಾ ಇದೆ. ಬೇರೇನೂ ಗೊತ್ತಾಗ್ತಿಲ್ಲ ನಂಗೆ." ಅವನ ದನಿ ಅವನಿಗೇ ಬೇರೆಯವರದ್ದೆಂಬಂತೆ ಕೇಳಿಸಿತು. "ಒಂದು ಗಳಿಗೆ ಹೀಗೇ ಕೂತಿರೋಣ."

"ಕೂತ್ಕೋ," ಎಂದಳು. "ನಂಗೇನು ಆತುರ ಇಲ್ಲ." ಮತ್ತೆ ಕೈ ಚಾಚಿ, ದೊಡ್ಡವರು ಚಿಕ್ಕವರಿಗೆ ಮಾಡುವ ಹಾಗೆ, ಅವನ ಮೊಣಕಾಲಿನ ಮೇಲೆ ಅಂಗೈ ಇಟ್ಟಳು. ಬಲಗಾಲಿನ ಮೇಲೆ. ಅವನು ಅದನ್ನು ನೋಡುತ್ತ ಕೂತ. ಹಾಗೆಯೇ ಬಿಟ್ಟುಬಿಡಬಹುದಿತ್ತು.

"ಅದಲ್ಲ," ಎಂದ. "ಈ ಕಾಲು."

ಅವಳು ಕೈಯನ್ನು ಆ ಕಡೆಗೆ ಸರಿಸಿದಳು.